ಗೋರಿಯ ಮೇಲಿನ ಎರಡು ಸಾಲು

ಗ್ರೀಸಿನ ಲೆಫ್ಕಾದ್ರಿ ದ್ವೀಪದಲ್ಲಿ ಹಳೆಯದೆಲ್ಲವೂ ಸರ್ಕಾರದ ಸ್ವತ್ತು. ಹೊಸದು ಹಳೆಯದರಂತೆ ಕಂಡರೆ, ಹೊಸದೆಂದು ಸಾಬೀತಾಗುವವರೆಗೆ ಅದೂ ಸರ್ಕಾರದ್ದೇ.

ಕವಿ ಸ್ತಮಾತಿಸ್ ಜೀವಮಾನವಿಡೀ ಪ್ರಾಚೀನ ಗ್ರೀಕ್, ಲ್ಯಾಟಿನ್ ಛಂದಸ್ಸುಗಳಲ್ಲೇ ಬರೆದವನು. ಓದುತ್ತಿದ್ದವಳು ಹೆಂಡತಿ ಅರೆತಿ ಒಬ್ಬಳೇ. ಅವಳು ತೀರಿಕೊಂಡಾಗ ಎರಡು ಸಾಲು ಬರೆದು, ಅಮೃತಶಿಲೆಯ ಮೇಲೆ ಹಳೆಯ ಲಿಪಿಯಲ್ಲಿ ತಾನೇ ಕೆತ್ತಿ ಗೋರಿಗೆ ನಿಲ್ಲಿಸಿದ. ಅಲ್ಲಿನ ಪದ್ಧತಿಯಂತೆ ನಲವತ್ತನೇ ದಿನ ಪಾದ್ರಿ ಬಂದು ಪ್ರಾರ್ಥಿಸಿ, ನೆಂಟರಿಗೆ ಬೇಯಿಸಿದ ಗೋಧಿ ಹಂಚುವಾಗ ತಾನು ಆ ಸಾಲುಗಳನ್ನು ಅವಳಿಗೆ ಓದಿ ಹೇಳಬೇಕು. ಅವನಿಗೆ ಬೇರೆ ಆಸೆ ಇರಲಿಲ್ಲ.

ಕಲ್ಲು ನಿಲ್ಲಿಸಿದ ಮರುದಿನವೇ ಪ್ರಾಚ್ಯವಸ್ತು ಕಚೇರಿಯ ಅಧಿಕಾರಿ ಪೊಲಿಕ್ಸೇನಿ ಗೋರಿಯ ಸುತ್ತ ಹಗ್ಗ ಕಟ್ಟಿಸಿ ಪ್ರಕಟಣೆ ಹಾಕಿಸಿದರು: "ಸದರಿ ಶಿಲೆಯ ಛಂದಸ್ಸಿನಲ್ಲಿ ಯಾವುದೇ ದೋಷ ಕಂಡುಬರದ ಕಾರಣ, ಇದು ಈ ಕಾಲದ್ದಲ್ಲವೆಂದು ತೀರ್ಮಾನಿಸಲಾಗಿದೆ. ಮುಟ್ಟುವುದು, ಹೂವಿಡುವುದು, ಹತ್ತಿರ ನಿಂತು ಅಳುವುದು ನಿಷಿದ್ಧ. ಕಣ್ಣೀರಿನ ಉಪ್ಪು ಅಮೃತಶಿಲೆಗೆ ಹಾನಿಕರ."

ಸ್ತಮಾತಿಸ್ ಕಚೇರಿಗೆ ಓಡಿದ.

"ಮೇಡಂ, ಅದು ನಾನು ಬರ್ದಿದ್ದು."

"ಸಾಕ್ಷಿ ಬೇಕಲ್ಲ ಯಜಮಾನ್ರೇ."

"ನನ್ನ ಹೆಂಡ್ತಿ ಹೆಸರಿದೆ ಅದರಲ್ಲಿ."

"ಅರೆತಿ ಅನ್ನೋ ಹೆಸರು ಆ ಕಾಲದಲ್ಲೂ ಇತ್ತು."

"ಅವಳ ಮಂಡಿ ನೋವಿನ ವಿಷಯಾನೂ ಇದೆ."

"ಮಂಡೀನೂ ಇತ್ತು."

ನಿಯಮದಲ್ಲಿ ಒಂದು ದಾರಿಯಿತ್ತು. ಸಮಿತಿಯ ಎದುರು ಕೂತು ಅಂಥದ್ದೇ ಎರಡು ಸಾಲು ಬರೆದು ತೋರಿಸಬೇಕು. ಸ್ತಮಾತಿಸ್ ಅರೆತಿಯನ್ನು ನೆನೆದು ಬರೆದ. ಸಮಿತಿಯವರು ಓದಿದರು, ಕಣ್ಣೊರೆಸಿಕೊಂಡರು, ಆ ಕಾಗದವನ್ನೂ ಪ್ರಾಚೀನವೆಂದು ಘೋಷಿಸಿ ಜಪ್ತಿ ಮಾಡಿದರು.

ಪೊಲಿಕ್ಸೇನಿಗೂ ಮನಸ್ಸು ಕರಗಿತು. "ಒಂದು ಮಾತು ಹೇಳ್ಲಾ? ಸ್ವಲ್ಪ ಕೆಟ್ಟದಾಗಿ ಬರೀರಿ. ಒಂದು ಕಡೆ ಮಾತ್ರೆ ತಪ್ಪಿಸಿ, ಸಾಕು. ಈ ಕಾಲದ ಕವಿ ಅಂತ ಇವತ್ತೇ ಬರೆದು ಕೊಡ್ತೀನಿ, ಕಲ್ಲೂ ನಿಮ್ದೇ."

ಸ್ತಮಾತಿಸ್ ಪೆನ್ನು ಹಿಡಿದು ಅರೆತಿಯ ಹೆಸರು ಬರೆದ. ಆಮೇಲೆ ಪೆನ್ನು ಕೆಳಗಿಟ್ಟ. "ಅವಳ ವಿಷಯದಲ್ಲಿ ಆಗಲ್ಲ ಮೇಡಂ."

ನಲವತ್ತನೇ ದಿನದ ಹೊತ್ತಿಗೆ ಗೋರಿ ದ್ವೀಪದ ಮುಖ್ಯ ಪ್ರೇಕ್ಷಣೀಯ ಸ್ಥಳವಾಗಿತ್ತು. ಪಾದ್ರಿಯೂ ಟಿಕೆಟ್ ಕೊಂಡು ಹಗ್ಗದಾಚೆಯಿಂದ ಪ್ರಾರ್ಥಿಸಿದರು. ನೆಂಟರು ಸರದಿಯಲ್ಲೇ ಗೋಧಿ ತಿಂದರು, ರುಚಿಯಾಗಿದೆ ಎಂದರು. ವ್ಯವಸ್ಥೆಯ ಬಗ್ಗೆ ಯಾರಿಂದಲೂ ದೂರು ಬರಲಿಲ್ಲ.

ಪ್ರವಾಸಿಗರಿಗೆ ಗೈಡ್ ಹುಡುಗಿ ವಿವರಿಸುತ್ತಿದ್ದಳು: "ಕವಿ ಯಾರಂತ ಗೊತ್ತಿಲ್ಲ. ಇಷ್ಟು ಪ್ರೀತಿಸಿದೋನು ಹೆಂಡ್ತಿ ಹೋದ್ಮೇಲೆ ಜಾಸ್ತಿ ದಿನ ಬದುಕಿರಲ್ಲ. ಅಲ್ವಾ ತಾತ?"

"ಇರಲ್ಲಮ್ಮ," ಎಂದ ಸ್ತಮಾತಿಸ್. ಸರದಿಯಲ್ಲಿ ಹಿಂದಿದ್ದವರು ಅವಸರ ಮಾಡುತ್ತಿದ್ದುದರಿಂದ ಮುಂದೆ ಸರಿದ.