ಹೂಂಗುಟ್ಟುವ ಪೆಟ್ಟಿಗೆ

"ಇನ್ಮೇಲೆ ನೆಮ್ಮದಿಯಾಗಿ ಪೇಪರ್ ಓದ್ಬೋದು ಕಣಯ್ಯ" ಎನ್ನುತ್ತಾ ಪಂಪಾಪತಿ ಭಾವ ಹಳೆಯ ರೇಡಿಯೋ ಪೆಟ್ಟಿಗೆಯೊಂದನ್ನು ಸೋಫಾದ ಹಿಂದೆ ಇಟ್ಟರು. ನನ್ನ ಅಕ್ಕ ಸರ್ವಮಂಗಳ ಮಾತಾಡಿದಾಗಲೆಲ್ಲ ಅದು ಭಾವನ ದನಿಯಲ್ಲೇ 'ಹೂಂ' ಅನ್ನುತ್ತದಂತೆ! ಪಕ್ಕದ ಮನೆಯಲ್ಲಿರುವ ತಪ್ಪಿಗೆ ಅವರ ಎಲ್ಲ ಸಂಶೋಧನೆಗೂ ನಾನೇ ಸಾಕ್ಷಿ.

ಅಕ್ಕ ನೆನೆಸಿದ ಅವರೆಕಾಳು ತಂದು ಹಿತಕುತ್ತಾ ಕುಳಿತಳು. ಅವರೆಕಾಳು ಹಿತಕುವಾಗ ಮಾತು ನಿಲ್ಲಬಾರದೆಂಬುದು ನಮ್ಮ ತುಮಕೂರಿನ ಕಾನೂನು.

"ರೀ, ಎದುರುಮನೆ ಗಿರಿಜಾಂಬ ಗಂಡನ ಜೊತೆ ಮಾತು ಬಿಟ್ಟಿದಾಳಂತೆ."

"ಹೂಂ" ಎಂದಿತು ಪೆಟ್ಟಿಗೆ. ಭಾವ ನನ್ನತ್ತ ಕಣ್ಣು ಮಿಟುಕಿಸಿದರು.

"ಮಿಕ್ಸಿ ವಿಷಯಕ್ಕಂತೆ."

"ಹೌದಾ? ಆಮೇಲೆ?"

ಪೆಟ್ಟಿಗೆಯ ಈ ಹೊಸ ಪ್ರಶ್ನೆಗೆ ಅಕ್ಕನ ಕೈ ನಿಂತಿತು. "ಮೂವತ್ತೊಂದು ವರ್ಷದಲ್ಲಿ ಒಂದು ದಿನಾನೂ 'ಆಮೇಲೆ' ಅಂದೋರಲ್ಲ ಇವ್ರು" ಎಂದು ಎದ್ದವಳೇ ಹುಡುಕಿ ಪೆಟ್ಟಿಗೆಯನ್ನು ಹೊರಗೆಳೆದಳು. ಇನ್ನು ಬೈಗುಳ ಶುರು ಎಂದು ನಾನು ಚಪ್ಪಲಿ ಮೆಟ್ಟಿಕೊಂಡೆ. ಅವಳೋ ಅದನ್ನು ಕಂಕುಳಲ್ಲಿಟ್ಟುಕೊಂಡು ಅಡುಗೆಮನೆಗೆ ಹೋದಳು.

ಅಂದಿನಿಂದ ಅಕ್ಕನ ಮಾತೆಲ್ಲ ಪೆಟ್ಟಿಗೆಯ ಜೊತೆಗೇ. ಅದರ ಕುತೂಹಲವೂ ದಿನೇ ದಿನೇ ಹೆಚ್ಚಿ, 'ಯಾಕೆ?', 'ಯಾರು ಹೇಳಿದ್ದು?' ಎಂದೆಲ್ಲ ಕಲಿಯಿತು. "ಹಾಗಲಕಾಯಿ ಮಾಡ್ಲಾ?" ಎಂದರೂ ಹೂಂ ಅಂದಿದ್ದರಿಂದ ಭಾವ ಮೂರು ದಿನ ಹಾಗಲಕಾಯಿ ತಿಂದರು. ಒಳಗಿನ ನಗು ಕೇಳಿ "ಏನೇ ಅದು?" ಎಂದರೆ "ನೀವು ಪೇಪರ್ ಓದಿ" ಎಂಬ ಉತ್ತರ. ಅವರ ಕೈಯಲ್ಲಿ ಒಂದೇ ಪುಟ ಬೆಳಗಿನಿಂದ ಮಧ್ಯಾಹ್ನದವರೆಗೆ ಇರುತ್ತಿತ್ತು.

ನಾಲ್ಕನೆಯ ದಿನ ಅಡುಗೆಮನೆಯಿಂದ ಅಕ್ಕನ ದನಿ ಕೇಳಿಸಿತು. "ನಿಜ ಹೇಳ್ಲಾ? ಈ ಗಂಡು ಬೇಡ ಅಂತ ಆವತ್ತೇ ಅಪ್ಪಂಗೆ ಹೇಳ್ಬಿಟ್ಟಿದ್ದೆ."

"ಆಮೇಲೆ?" ಎಂದಿತು ಪೆಟ್ಟಿಗೆ.

ಅಷ್ಟರಲ್ಲಿ ಕುಕ್ಕರ್ ಕೂಗಿ, ಮಿಕ್ಕದ್ದು ನಮಗೆ ಕೇಳಿಸಲಿಲ್ಲ.

ಭಾವನ ಮುಖ ಬಾಡಿಹೋಯಿತು. ನನಗೂ ಅಯ್ಯೋ ಅನ್ನಿಸಿತು. ಅಕ್ಕ ಹಿತ್ತಲಿಗೆ ಹೋದದ್ದೇ ತಡ, ಅವರು ಪೆಟ್ಟಿಗೆಯ ಮುಂದೆ ಮಂಡಿಯೂರಿದರು.

"ಯಾಕೆ ಬೇಡ ಅಂದ್ಲು?"

"ಯಾಕೆ?" ಎಂದಿತು ಅದು.

"ನಂಗೊತ್ತಿದ್ರೆ ನಿನ್ನ ಯಾಕೆ ಕೇಳ್ತಿದ್ದೆ!"

"ಹೌದಾ? ಆಮೇಲೆ?"

ಅರ್ಧ ಗಂಟೆ ಭಾವ ತಮ್ಮ ದನಿಯ ಜೊತೆ ತಾವೇ ಜಗಳವಾಡಿದರು. ಕೊನೆಗೆ ಬಾಗಿಲಲ್ಲಿ ನಿಂತಿದ್ದ ಅಕ್ಕನನ್ನು ಕಂಡು, "ಮಂಗಳಾ, ನೀನೇ ಹೇಳೇ. ಪೂರ್ತಿ ಕೇಳ್ತೀನಿ" ಎಂದರು.

"ಬೇಡ ಅಂತ ಹೇಳ್ದೆ ರೀ. ಅಪ್ಪ ಪೇಪರ್ ಓದ್ತಾ 'ಹೂಂ' ಅಂದ್ರು. ಸರಿ, ಒಪ್ಕೊಂಡ್ರು ಅಂತ ನಾನು ನಿಶ್ಚಿಂತೆಯಾಗಿದ್ದೆ. ವಾರದೊಳಗೆ ನಿಮ್ಮ ಜೊತೆ ನಿಶ್ಚಿತಾರ್ಥ ಆಗೋಯ್ತು."

"ಆಮೇಲೆ?" ಎಂದು ಭಾವನೂ ಪೆಟ್ಟಿಗೆಯೂ ಒಂದೇ ದನಿಯಲ್ಲಿ ಕೇಳಿದರು.

"ಆಮೇಲೇನು, ಅಭ್ಯಾಸ ಆಗೋಯ್ತು. ಈಗ ಬೇಡ ಅನ್ನೋಕೆ ಮನಸ್ಸು ಬರಲ್ಲ" ಎಂದು ಅಕ್ಕ ನಕ್ಕಳು.

ನಮ್ಮಪ್ಪ ಇಷ್ಟೆಲ್ಲವನ್ನೂ ಯಾವ ಯಂತ್ರವೂ ಇಲ್ಲದೆಯೇ ಮಾಡಿ ಮುಗಿಸಿದ್ದರು.