ನಮ್ಮ ಮನೆಯವರ ‘ಹೂಂ’

ಕನ್ನಡದಲ್ಲಿ ಐವತ್ತು ಅಕ್ಷರ ಇವೆ ಎಂದು ಸವಳಂಗದ ಶಾಲೆಯಲ್ಲಿ ಮೇಷ್ಟ್ರು ಬೆತ್ತ ಹಿಡಿದು ನನಗೆ ಕಲಿಸಿದ್ದರು. ನಮ್ಮ ಮನೆಯವರು ಅದರಲ್ಲಿ ಒಂದನ್ನು ಮಾತ್ರ ಇಟ್ಟುಕೊಂಡು ಉಳಿದಿದ್ದನ್ನೆಲ್ಲ ಊರವರಿಗೆ ಬಿಟ್ಟುಕೊಟ್ಟಿದ್ದರು. ಆ ಒಂದರಲ್ಲೇ ಅವರು ಚನ್ನಗಿರಿಯಲ್ಲಿ ಹಿಟ್ಟಿನ ಗಿರಣಿ ನಡೆಸಿದರು, ಎರಡು ಮಕ್ಕಳನ್ನು ಬೆಳೆಸಿದರು, ನನ್ನ ಜೊತೆ ಸಂಸಾರ ಮಾಡಿದರು. ಅದು ‘ಹೂಂ’. ಹೂಂ ಎನ್ನುವುದು ಅಕ್ಷರವೇ ಅಲ್ಲ, ಬರೀ ಗಂಟಲಿನ ಸದ್ದು ಎಂದು ಓದಿದವರು ತಕರಾರು ತೆಗೆಯಬಹುದು. ತೆಗೆಯಲಿ. ಅವರನ್ನೂ ನಮ್ಮ ಮನೆಯವರು ‘ಹೂಂ’ ಅಂದೇ ಕಳಿಸುತ್ತಿದ್ದರು.

ಅವರ ಹೆಸರು ಇಲ್ಲಿ ಬರೆಯುವುದಿಲ್ಲ. ಗಂಡನ ಹೆಸರು ಬಾಯಲ್ಲಿ ಹೇಳಬಾರದು ಎನ್ನುವ ಕಾಲದವಳು ನಾನು. ಕೈಯಲ್ಲಿ ಬರೆಯಬಹುದೋ ಏನೋ, ಯಾರೂ ಹೇಳಿಕೊಟ್ಟಿಲ್ಲ. ಅವರೂ ನನ್ನ ಹೆಸರು ಹಿಡಿದು ಕರೆದವರಲ್ಲ. ಕರೆಯಬೇಕೆಂದರೆ ಹಿತ್ತಲ ಬಾಗಿಲಲ್ಲಿ ನಿಂತು ‘ಹೂಂ’ ಅನ್ನುತ್ತಿದ್ದರು. ನಾನು ಹೋಗುತ್ತಿದ್ದೆ. ಎಮ್ಮೆಯೂ ಎದ್ದು ನಿಲ್ಲುತ್ತಿತ್ತು.

ಈ ಮನುಷ್ಯ ನನಗೆ ಗಂಟು ಬಿದ್ದದ್ದೇ ಒಂದು ಕತೆಯಿಂದ. ಅಲಂಕಾರಕ್ಕೆ ಹೇಳುತ್ತಿಲ್ಲ, ನಿಜವಾದ ಕತೆ. ನಮ್ಮ ಅಜ್ಜಿಯದು ಒಂದು ಕಟ್ಟು. ಕತೆ ಹೇಳುವಾಗ ಎದುರಿಗೆ ಕೂತವರು ಮಾತುಮಾತಿಗೂ ಹೂಂಗುಟ್ಟಬೇಕು. ಹೂಂ ನಿಂತರೆ ಕತೆಯೂ ನಿಂತ ಹಾಗೆ. ರಾಜಕುಮಾರ ಹಾವಿನ ಹುತ್ತದಲ್ಲಿ ಕೈ ಇಟ್ಟಿದ್ದರೂ ಸರಿಯೇ, ಮರುದಿನದ ತನಕ ಹಾಗೇ ಇಟ್ಟುಕೊಂಡು ಕೂತಿರಬೇಕು. ನಾವು ಮೊಮ್ಮಕ್ಕಳು ಕತೆ ಅರ್ಧ ಆಗುವುದರೊಳಗೆ ನಿದ್ದೆ ಹೋಗುತ್ತಿದ್ದೆವು. ಹೀಗಾಗಿ ಅಜ್ಜಿಯ ಕತೆಗಳಲ್ಲಿ ಎಷ್ಟೋ ರಾಜಕುಮಾರರಿಗೆ ಮದುವೆಯೇ ಆಗಲಿಲ್ಲ.

ಎಪ್ಪತ್ತರ ಈಚಿನ ಮಾತು. ಇವರು ನನ್ನನ್ನು ನೋಡಲು ಸವಳಂಗಕ್ಕೆ ಬಂದರು. ಉಪ್ಪಿಟ್ಟು ಕಾಫಿ ಮುಗಿಯಿತು. ಎರಡೂ ಕಡೆಯ ಗಂಡಸರು ಮಾತುಕತೆಗೆಂದು ಹಿಂದಿನ ಪಡಸಾಲೆಗೆ ಹೋದರು. ಹುಡುಗ ಜಗಲಿಯಲ್ಲಿ ಅಜ್ಜಿಯ ಕೈಗೆ ಸಿಕ್ಕಿಬಿದ್ದ. ಸುಮ್ಮನೆ ಕೂತ ಮನುಷ್ಯನನ್ನು ಕಂಡರೆ ಅಜ್ಜಿ ಬಿಡುತ್ತಾಳೆಯೇ? ಏಳು ಜನ ಅಕ್ಕತಂಗಿಯರ ಕತೆ ತೆಗೆದಳು. ಏಳೂ ಜನರನ್ನು ದಡ ಸೇರಿಸಿದಳು. ಅಪ್ಪ ಹೊರಗೆ ಬರುವ ಹೊತ್ತಿಗೆ ಅಜ್ಜಿಯ ಮುಖದಲ್ಲಿ ಬೆಳಕು ಬಂದಿತ್ತು.

“ಈ ಹುಡುಗನ್ನ ಬಿಡಬ್ಯಾಡ್ರೋ. ಒಂದು ಹೂಂನೂ ತಪ್ಪಿಸಲಿಲ್ಲ.”

“ಸುಮ್ನಿರಬೇ, ಹೊಲ ಎಷ್ಟೈತೆ ಅಂತ ಇನ್ನೂ ಕೇಳಿಲ್ಲ,” ಅಂದರು ಅಪ್ಪ.

“ಹೊಲ ಹೂಂ ಅಂತತೇನೋ?”

ಅವ್ವನಿಗೆ ಅಳು ಬಂತು. “ಮಾತಿಲ್ಲದ ಹುಡುಗಿಗೆ ಮಾತಿಲ್ಲದ ಗಂಡು. ಮನ್ಯಾಗೆ ಒಂದು ಗಿಣಿನಾದ್ರೂ ಸಾಕ್ಕೊಳ್ರವ್ವ, ಜನ ಅದಾರೆ ಅಂತ ಗೊತ್ತಾಗ್ಲಿ.”

ಅವ್ವ ಹೇಳಿದ್ದು ಸುಳ್ಳಲ್ಲ. ನಾಲ್ಕು ಜನರ ಮುಂದೆ ನನಗೆ ನಾಲಿಗೆ ಏಳುತ್ತಿರಲಿಲ್ಲ, ಈಗಲೂ ಏಳುವುದಿಲ್ಲ. ಆದರೆ ಮದುವೆಯಾದ ಮೇಲೆ ಒಂದು ವಿಚಿತ್ರ ನಡೆಯಿತು. ಒಲೆಯ ಮುಂದೆ ಕೂತು ಏನೋ ಒಂದು ಮಾತು ಅಂದೆ. ಎದುರಿನ ಮಣೆಯಿಂದ ‘ಹೂಂ’ ಬಂತು. ಹೂಂ ಬಂದ ಮೇಲೆ ಸುಮ್ಮನಿರುವುದು ಹೇಗೆ? ಇನ್ನೊಂದು ಮಾತು ಬಂತು. ಮತ್ತೆ ‘ಹೂಂ’. ತಿಂಗಳು ಕಳೆಯುವುದರಲ್ಲಿ ನಾನು ವಾಚಾಳಿಯಾಗಿದ್ದೆ. ಬೀದಿಯಲ್ಲಿ ತಲೆ ಬಗ್ಗಿಸಿ ಹೋಗುವವಳು ಮನೆಗೆ ಬಂದು, ಬೀದಿಯಲ್ಲಿ ಕಂಡದ್ದನ್ನು ನಾಯಿ ಸಮೇತ ವರ್ಣಿಸುತ್ತಿದ್ದೆ.

ಮೊದಮೊದಲು ಅವರ ಹೂಂಗಳೆಲ್ಲ ಒಂದೇ ಥರ ಕೇಳಿಸುತ್ತಿದ್ದವು. ಬರಬರುತ್ತ ಕಿವಿ ಪಳಗಿತು. ಗಿಡ್ಡ ಹೂಂ ಅಂದರೆ ಒಪ್ಪಿಗೆ. ಕೊನೆಯಲ್ಲಿ ಬಾಲ ಎತ್ತಿದರೆ, ಅದೇನು ಸರಿಯಾಗಿ ಹೇಳು ಎಂದು. ಮೂಗಿನಿಂದ ಬಂದರೆ, ಸಾರಿಗೆ ಉಪ್ಪು ಜಾಸ್ತಿಯಾಗಿದೆ, ಆದರೂ ಉಣ್ಣುತ್ತೇನೆ ಎಂದು. ಕಣ್ಣು ಮುಚ್ಚಿಕೊಂಡು ಉದ್ದಕ್ಕೆ ಎಳೆದರೆ, ಬಂದಿರುವ ನೆಂಟರು ಯಾವ ಬಸ್ಸಿಗೆ ಹೊರಡುತ್ತಾರೆ ಎಂದು. ಕೊಡುವುದಿಲ್ಲ, ಆಗುವುದಿಲ್ಲ, ಬರುವುದಿಲ್ಲ ಎನ್ನುವುದಕ್ಕೂ ಹೂಂ. ಬೇರೆ ಗಂಡಸರು ಇಲ್ಲ ಎನ್ನಲು ಸಂಕೋಚವಾದಾಗ ‘ಹೂಂ, ನೋಡೋಣ’ ಅನ್ನುತ್ತಾರಲ್ಲ, ಇವರು ಆ ‘ನೋಡೋಣ’ವನ್ನೂ ಉಳಿತಾಯ ಮಾಡುತ್ತಿದ್ದರು.

ಓಟಿನ ಕಾಲಕ್ಕೆ ಇದು ಪೇಚಿಗಿಟ್ಟುಕೊಳ್ಳುತ್ತಿತ್ತು. ಒಂದು ಪಕ್ಷದವರು ಬಂದು ಕೈ ಮುಗಿದರು, ಹೂಂ. ಎದುರು ಪಕ್ಷದವರು ಬಂದು ಕೈ ಹಿಡಿದರು, ಹೂಂ. ಪಕ್ಷವೇ ಇಲ್ಲದ ಒಬ್ಬ ಸೈಕಲ್ಲಿನಲ್ಲಿ ಬಂದು ಗುರುತು ತೋರಿಸಿದ, ಅವನಿಗೂ ಹೂಂ. ಗಿರಣಿಯ ಸೂರಿಗೆ ಮೂರು ಥರದ ತೋರಣ ಕಟ್ಟಿ ಹೋದರು. ಯಾರಿಗೆ ಹಾಕಿದಿರಿ ಎಂದು ಆಮೇಲೆ ನಾನು ಕೇಳಿದೆ. ಏನಂದಿರಬೇಕು ಹೇಳಿ?

ಇನ್ನು ಗಿರಣಿಯ ವಿಷಯ. ಕೆರೆಬಿಳಚಿಯ ಹೆಂಗಸರು ಸಂತೆಯ ದಿನ ಬಸ್ಸಿನಲ್ಲಿ ಜೋಳ, ರಾಗಿ ಹೇರಿಕೊಂಡು ನಮ್ಮ ಗಿರಣಿಗೆ ಬರುತ್ತಿದ್ದರು. ಅವರ ಊರಲ್ಲಿ ಗಿರಣಿ ಇರಲಿಲ್ಲವೇ? ಇತ್ತು. ನಮ್ಮ ಹಿಟ್ಟು ನುಣ್ಣಗಿತ್ತೇ? ಇಲ್ಲ, ಸ್ವಲ್ಪ ತರಿಯೇ. ಮತ್ತೇಕೆ ಬರುತ್ತಿದ್ದರು ಎನ್ನುವುದು ನನಗೆ ಬುತ್ತಿ ಕೊಡಲು ಹೋದ ಒಂದು ದಿನ ತಿಳಿಯಿತು. ಮಿಷನ್ನು ಶುರುವಾಗಿ ಬೆಲ್ಟು ತಿರುಗತೊಡಗಿದರೆ ಪಕ್ಕದವರ ಮಾತು ಪಕ್ಕದವರಿಗೆ ಕೇಳುವುದಿಲ್ಲ. ಆ ಸದ್ದಿನಲ್ಲಿ ಒಬ್ಬೊಬ್ಬರೇ ತಮ್ಮ ಸರದಿಗೆ ಇವರ ಎದುರು ನಿಂತು, ಕಾಳು ಸುರಿಯುತ್ತ, ತಮ್ಮ ಮನೆಯ ಸಂಕಟವನ್ನೆಲ್ಲ ಹೇಳಿಕೊಳ್ಳುತ್ತಿದ್ದರು. ಇವರು ಅವರ ಮುಖ ನೋಡಿಕೊಂಡು ಹೂಂಗುಟ್ಟುತ್ತಿದ್ದರು. ಹಿಟ್ಟು ಡಬ್ಬಿಗೆ ಬೀಳುವ ಹೊತ್ತಿಗೆ ಕತೆಯೂ ಮುಗಿಯುತ್ತಿತ್ತು. ಸೆರಗಿನಿಂದ ಮುಖದ ಹಿಟ್ಟು ಒರೆಸಿಕೊಂಡು ಹಗುರವಾಗಿ ಹೋಗುತ್ತಿದ್ದರು.

ಒಂದು ಸಲ ಒಂದೇ ಮನೆಯ ಅತ್ತೆ ಸೊಸೆ ಇಬ್ಬರೂ ನಮ್ಮ ಗಿರಾಕಿಗಳು ಎನ್ನುವುದು ಬಯಲಾಯಿತು. ಅತ್ತೆ ಒಂದು ವಾರ, ಸೊಸೆ ಒಂದು ವಾರ ಬರುತ್ತಿದ್ದರಂತೆ. ಅಂದು ಅದೇನೋ ಇಬ್ಬರೂ ಒಟ್ಟಿಗೆ ಬಂದರು. ಕರೆಂಟು ಹೋಗಿ ಮಿಷನ್ನು ನಿಂತಿತ್ತು. ಜಗಳ ಹತ್ತಿತು.

“ಗಿರಣಿ ಅಣ್ಣಗೆ ಎಲ್ಲಾ ಹೇಳೀನಿ. ನಂದೇ ಸರಿ ಅಂದಾನೆ,” ಅಂದಳು ಸೊಸೆ.

“ಯಾವಾಗ ಅಂದ? ನನ್ನ ಮುಂದೆ ನನ್ನ ಕಡೆ ಅಂದಾನೆ. ಏನಣ್ಣ, ನೀನೇ ಹೇಳು. ಇವಳು ಹೇಳಿದ್ದು ನಿಜನೋ, ನಾ ಹೇಳಿದ್ದು ನಿಜನೋ?”

ಗಿರಣಿ ತುಂಬ ಜನ. ಎಲ್ಲರೂ ಇವರ ಬಾಯಿ ನೋಡಿದರು. ಇವರು ಅತ್ತೆಯ ಮುಖ ನೋಡಿದರು, ಸೊಸೆಯ ಮುಖ ನೋಡಿದರು. ಆಮೇಲೆ ಬಹಳ ನಿಧಾನವಾಗಿ ಒಂದು ಹೂಂ ಬಿಟ್ಟರು. “ಕೇಳಿದ್ಯಾ?” ಅಂದಳು ಅತ್ತೆ. “ನೀ ಕೇಳಿದ್ಯಾ?” ಅಂದಳು ಸೊಸೆ. ಇಬ್ಬರೂ ಒಂದೇ ಬಸ್ಸಿಗೆ, ಗೆದ್ದ ಮುಖ ಮಾಡಿಕೊಂಡು ಹೋದರು.

ಊರಿನವರಿಗೆಲ್ಲ ಇದು ತಮಾಷೆ. ನನಗೆ ಮಾತ್ರ ಅಂದಿನಿಂದ ಒಂದು ಹುಳ ಹೊಕ್ಕಿತು. ಅತ್ತೆಗೂ ಹೂಂ, ಸೊಸೆಗೂ ಹೂಂ, ಸೈಕಲ್ಲಿನವನಿಗೂ ಹೂಂ. ಹಾಗಾದರೆ ನನಗೆ? ನಾನು ಜಗತ್ತಿನಲ್ಲಿ ಮಾತಾಡುವುದು ಈ ಒಬ್ಬ ಮನುಷ್ಯನ ಹತ್ತಿರ. ಅವರು ಕೇಳುತ್ತಿದ್ದಾರೋ, ಗಿರಣಿಯ ರೂಢಿಗೆ ಹೂಂಗುಟ್ಟುತ್ತಿದ್ದಾರೋ? ಇದು ಗೊತ್ತಾಗದೆ ನನಗೆ ಊಟ ಸೇರದಂತಾಯಿತು. ಪರೀಕ್ಷೆ ಮಾಡಿದೆ.

ರೊಟ್ಟಿ ಬಡಿಯುತ್ತ, ದನಿ ಬದಲಿಸದೆ ಅಂದೆ: “ಇವತ್ತು ಸಾರಿಗೆ ಸೀಮೆಎಣ್ಣೆ ಒಗ್ಗರಣೆ ಹಾಕೀನಿ.”

“ಹೂಂ.”

“ಎಮ್ಮೆ ಹೊನ್ನಾಳಿ ಬಸ್ ಹತ್ತಿ ಹೋತು. ಕಂಡಕ್ಟ್ರು ಟಿಕೀಟೂ ಕೊಟ್ಟ.”

“ಹೂಂ.”

“ನಮ್ಮವ್ವ ನಾಳೆ ಬರ್ತಾಳೆ. ಎರಡು ತಿಂಗಳು ಇರ್ತಾಳೆ.”

ಇದಕ್ಕೆ ಮಾತ್ರ ಹೂಂ ಬರಲು ತಡವಾಯಿತು. ಕಣ್ಣು ಮುಚ್ಚಿಕೊಂಡು, ಉದ್ದಕ್ಕೆ ಎಳೆದುಕೊಂಡು ಬಂತು. ಕೇಳುತ್ತಾರೋ ಇಲ್ಲವೋ ಎನ್ನುವ ಪರೀಕ್ಷೆಯಲ್ಲಿ ಹೀಗೆ ಪೇಪರೇ ಗೊಂದಲವಾಯಿತು.

ಉತ್ತರ ಸಿಕ್ಕಿದ್ದು ಎಂಬತ್ತರ ಈಚೆಗೆ, ಶಿವಮೊಗ್ಗದಲ್ಲಿ. ಬಸ್‌ಸ್ಟ್ಯಾಂಡಿನ ಹತ್ತಿರ ಒಂದು ಲಾರಿ ಹಿಂದಿನಿಂದ ಹಾರನ್ನು ಹೊಡೆದು ಹೊಡೆದು ಸುಸ್ತಾದರೂ ಇವರು ರಸ್ತೆ ಬಿಟ್ಟು ಸರಿಯಲಿಲ್ಲ. ಡ್ರೈವರ್ ಇಳಿದು ಬಂದು ಇವರನ್ನು ಪಕ್ಕಕ್ಕೆ ನಿಲ್ಲಿಸಿ ಹೋದನಂತೆ. ಕಿವಿ ಡಾಕ್ಟರ ಹತ್ತಿರ ಕರೆದುಕೊಂಡು ಹೋದೆ. ಡಾಕ್ಟರು ಇವರ ಎರಡೂ ಕಿವಿಗೆ ಏನೋ ಸಿಕ್ಕಿಸಿ, ಜೋರಾಗಿ ಹೇಳಿದರು: “ಯಜಮಾನ್ರೇ, ಸದ್ದು ಕೇಳಿಸಿದಾಗೆಲ್ಲ ಹೂಂ ಅನ್ನಿ. ಗೊತ್ತಾಯ್ತಾ?”

“ಹೂಂ.”

ಯಾರಿಗೆ ಹೇಳುತ್ತಿದ್ದಾರೆ ಎಂದು ಆ ಡಾಕ್ಟರಿಗೇನು ಗೊತ್ತು, ಪಾಪ. ಇವರು ಅವರ ಮುಖವನ್ನೇ ನೋಡುತ್ತ ಹೂಂ ಅಂದರು, ಮತ್ತೆ ಹೂಂ, ಇನ್ನೊಂದು ಹೂಂ. ಸಣ್ಣದು, ದೊಡ್ಡದು, ಬಾಲದ್ದು ಎಲ್ಲ ಆಯಿತು. ಡಾಕ್ಟರು ಕನ್ನಡಕ ತೆಗೆದು ನನ್ನ ಕಡೆ ತಿರುಗಿದರು.

“ನೋಡಮ್ಮಾ, ನಾನಿನ್ನೂ ಮಿಷನ್ ಆನ್ ಮಾಡಿಲ್ಲ.”

ಬಲಗಿವಿ ಪೂರ್ತಿ ಹೋಗಿತ್ತು, ಎಡಗಿವಿಯಲ್ಲಿ ಅಷ್ಟಿಷ್ಟು. ಗಿರಣಿಯ ಸದ್ದು ತಿಂದುಬಿಟ್ಟಿದೆ, ಇವತ್ತು ನಿನ್ನೆಯದಲ್ಲ ಇದು, ಬಹಳ ವರ್ಷದ್ದು ಎಂದರು.

ಬಹಳ ವರ್ಷದ್ದು. ವಾಪಸ್ಸು ಬರುವಾಗ ಬಸ್ಸಿನಲ್ಲಿ ನಾನು ಒಂದು ಮಾತೂ ಆಡಲಿಲ್ಲ. ಇವರು ಎರಡು ಸಲ ನನ್ನ ಕಡೆ ತಿರುಗಿ, ಬಾಲ ಎತ್ತಿದ ಹೂಂ ಅಂದು ನೋಡಿದರು. ಕೊನೆಗೆ ತಡೆಯಲಾಗದೆ, ಕಿಟಕಿಯ ಕಡೆ ಮುಖ ಮಾಡಿಕೊಂಡೇ ಕೂಗಿದೆ: “ಇಷ್ಟು ವರ್ಷ ನಾ ಹೇಳಿದ್ದು ಏನೂ ಕೇಳೇ ಇಲ್ಲ ಹಂಗಾರೆ?”

ಕಂಡಕ್ಟರ್ ಮುಂದಿನಿಂದ ಅಂದ: “ಅಕ್ಕಾರೆ, ನಮಗೆಲ್ಲಾರಿಗೂ ಕೇಳಿಸ್ತು. ಅವರೊಬ್ರಿಗೆ ಬಿಟ್ಟು.”

ಮನೆಗೆ ಬಂದು, ಅವರನ್ನು ಎದುರಿಗೆ ಕೂರಿಸಿಕೊಂಡು, ಅದೇ ಪ್ರಶ್ನೆಯನ್ನು ಬಾಯಗಲಿಸಿ ಬಿಡಿಬಿಡಿಯಾಗಿ ಕೇಳಿದೆ. ಅಂದು ಅವರು ತಮ್ಮ ಜೀವಮಾನದ ಅತಿ ಉದ್ದದ ಭಾಷಣ ಮಾಡಿದರು.

“ಕಿವಿ ಮಂದ ಆಗಿ ಭಾಳ ದಿನ ಆತು. ಹೇಳಿದ್ರೆ ನೀನು ಮಾತಾಡೋದು ಬಿಡ್ತಿದ್ದಿ. ಹೊರಗೆ ಯಾರ ಹತ್ರನೂ ಆಡಲ್ಲ ನೀನು. ಇಲ್ಲೂ ಬಿಟ್ರೆ ಹೆಂಗೆ?”

“ಮತ್ತೆ ನಾ ಏನು ಹೇಳಾಕತ್ತೀನಿ ಅಂತ ಹೆಂಗೆ ತಿಳೀತಿತ್ತು?”

“ಮುಖ ನೋಡ್ತಿದ್ದೆ.”

“ಎಮ್ಮೆ ಬಸ್ ಹತ್ತಿದ್ದು?”

“ಅವತ್ತು ನೀನು ನಗು ತಡಕಂಡಿದ್ದಿಯಲ್ಲ, ಏನೋ ಚೇಷ್ಟೆ ನಡೆಸ್ಯಾಳೆ ಅಂದ್ಕೊಂಡೆ.”

ನನಗೆ ಸಿಟ್ಟು ಮಾಡಬೇಕೆಂದು ಮನಸ್ಸಿತ್ತು. ಆಗಲಿಲ್ಲ. ಹೊಸ ಸೀರೆ ಉಟ್ಟರೆ ನೋಡದವರು, ಮುಖವನ್ನು ಇಷ್ಟು ವರ್ಷ ದಿನಾ ನೋಡಿದ್ದರು ಎಂದರೆ ಯಾವ ಹೆಂಗಸು ಸಿಟ್ಟು ಮಾಡುತ್ತಾಳೆ? ಡಾಕ್ಟರು ಕೊಟ್ಟ ಕಿವಿಯ ಮಿಷನ್ನನ್ನು ಅವರು ನಾಲ್ಕು ದಿನ ಹಾಕಿಕೊಂಡು ತೆಗೆದಿಟ್ಟರು. ಯಾಕೆ ಎಂದು ಕೈಸನ್ನೆಯಲ್ಲೇ ಕೇಳಿದೆ. “ಭಾಳ ಮಾತಾಡ್ತೀಯ,” ಅಂದರು.

ಹೋದ ಕಾರ್ತಿಕದಲ್ಲಿ, ಅಂದರೆ ಎಂಬತ್ತೇಳರಲ್ಲಿ, ಮಧ್ಯಾಹ್ನ ಊಟಕ್ಕೆ ಕೂತವರು ಎದೆ ಹಿಡಿದಂಗಾಗ್ತತೆ ಅಂದರು. ಮಗ ಜಟಕಾ ತರುವುದರೊಳಗೆ ಆಗಿಹೋಯಿತು.

ಬಂದವರೆಲ್ಲ ಸಮಾಧಾನ ಹೇಳಿದರು. ನಾನು ತಲೆಯಾಡಿಸಿದೆ. ಆ ತಿಂಗಳುಗಳಲ್ಲಿ ನನ್ನ ನಾಲಿಗೆ ಮತ್ತೆ ಸವಳಂಗದ ಹುಡುಗಿಯ ನಾಲಿಗೆಯಾಯಿತು. ಮಕ್ಕಳು ಏನಾದರೂ ಕೇಳಿದರೆ ಉತ್ತರ ಕೊಡುತ್ತಿದ್ದೆ, ಅಷ್ಟೇ. ಒಳ್ಳೆಯ ಮಕ್ಕಳು. ಆದರೆ ಅವರಿಗೆ ಕಿವಿ ಚೆನ್ನಾಗಿ ಕೇಳಿಸುತ್ತದೆ; ಒಂದು ಮಾತು ಅಂದರೆ ಕೂಡಲೇ ಅದಕ್ಕೊಂದು ಪರಿಹಾರ ಹೇಳುತ್ತಾರೆ.

ಗಿರಣಿ ಮುಚ್ಚುವುದು ಬೇಡವೆಂದು ಈಗ ನಾನೇ ನೋಡಿಕೊಳ್ಳುತ್ತೇನೆ. ಮಿಷನ್ನು ಹಾಕುವುದು, ಬೆಲ್ಟು ಸರಿಮಾಡುವುದು ಕಲಿತೆ. ಕೆರೆಬಿಳಚಿಯವರು ಈಗಲೂ ಬರುತ್ತಾರೆ. ಹೋದ ಸಂತೆಯ ದಿನ ಜೋಳ ಸುರಿದು, ಹಿಟ್ಟು ಬೀಳುವುದನ್ನು ನೋಡುತ್ತ ನಿಂತಿದ್ದೆ. ಅದು ಹೇಗೋ ಬಾಯಿ ತಾನೇ ತೆರೆಯಿತು. ಎಮ್ಮೆ ಹೆಣ್ಣುಕರು ಹಾಕಿದ್ದು ಹೇಳಿದೆ. ಮಗ ಎಸ್ಸೆಸ್ಸೆಲ್ಸಿ ಪಾಸಾದದ್ದು ಹೇಳಿದೆ. ಅವರ ಟವೆಲನ್ನು ಇನ್ನೂ ಒಗೆದಿಲ್ಲ ಎಂದು ಹೇಳಿದೆ. ಅವರಿಗೆಂದು ಕೂಡಿಟ್ಟಿದ್ದೆಲ್ಲ ಒಂದರ ಹಿಂದೆ ಒಂದು ಬಂತು. ಮಿಷನ್ನಿನ ಸದ್ದಿಗೆ ನನ್ನ ದನಿ ನನಗೇ ಕೇಳಿಸುತ್ತಿರಲಿಲ್ಲ.

ತಲೆ ಎತ್ತಿದರೆ, ಎದುರಿಗೆ ರಾಗಿ ಚೀಲದ ಮೇಲೆ ಕೂತ ಒಬ್ಬ ಮುದುಕಿ ನನ್ನ ಮುಖವನ್ನೇ ನೋಡುತ್ತಿದ್ದಳು. ಎಷ್ಟು ಹೊತ್ತಿನಿಂದ ನೋಡುತ್ತಿದ್ದಳೋ. ನನಗೆ ನಾಚಿಕೆಯಾಗಿ ಮಾತು ನಿಲ್ಲಿಸಿದೆ.

ಅವಳು ತಲೆಯಾಡಿಸಿದಳು. ತುಟಿ ಮುಚ್ಚಿಯೇ ಇತ್ತು. ಗಂಟಲು ಒಂದಿಷ್ಟು ಅಲುಗಿತು. ನನಗೆ ಏನೂ ಕೇಳಿಸಲಿಲ್ಲ.

ನಾನು ಮುಂದಿನದು ಹೇಳಿದೆ.