ಗೆರೆ ಮೇಷ್ಟ್ರ ಶಿಫಾರಸು

ಓದುವವರಿಗೆ ಬೆಲೆಯಿಲ್ಲ, ಒಯ್ಯುವವರಿಗೆ ಮಾತ್ರ ಬೆಲೆ ಎಂಬ ಸಂಗತಿ ಗೆರೆ ಮೇಷ್ಟ್ರಿಗೆ ಗೊತ್ತಾದದ್ದು ಒಂದು ಶನಿವಾರ, ಮಧ್ಯಾಹ್ನ ಹನ್ನೆರಡು ಗಂಟೆಗೆ. ಶಾಲೆಯಲ್ಲಿ ಡ್ರಾಯಿಂಗ್ ಹೇಳಿಕೊಡುವ ಅವರಿಗೆ ಆ ಹೆಸರಿಟ್ಟವರು ಮಕ್ಕಳು. ಅರ್ಧ ದಿನದ ಶಾಲೆ ಮುಗಿಸಿ ಗ್ರಂಥಾಲಯಕ್ಕೆ ಬಂದರೆ ಅವರ ಕಪಾಟಿನ ಮುಂದೆ ಖಾಲಿ ರಟ್ಟಿನ ಪೆಟ್ಟಿಗೆಯೊಂದು ಬಾಯಿ ತೆರೆದುಕೊಂಡು ಕೂತಿತ್ತು.

ಅವರ ಕಪಾಟು ಎಂದರೆ ಮೂರು ವರ್ಷ ಅರ್ಜಿ ಬರೆದು ಬರೆದು ಗಿಟ್ಟಿಸಿಕೊಂಡ ಒಂದು ಅಡ್ಡಹಲಗೆ. ಆಧುನಿಕ ಕಲೆಯ ಬಗ್ಗೆ, ಈಗಿನ ಕಲಾವಿದರ ಬಗ್ಗೆ ಊರಿನವರು ಓದಲೇಬೇಕಾದ ಪುಸ್ತಕಗಳೆಂದು ಮೂವತ್ತು ಹೆಸರಿನ ಪಟ್ಟಿ ಕೊಟ್ಟಿದ್ದರು. ಬಂದದ್ದು ಐದು. ಬಿತ್ತಿದ್ದು ಮೂಟೆ, ಬೆಳೆದದ್ದು ಬೊಗಸೆ. ಆದರೂ ಮೇಷ್ಟ್ರು ಹಿಗ್ಗಿದ್ದರು. ದಿನಾ ಒಂದನ್ನು ಕೆಳಗಿಳಿಸಿ, ಕಿಟಕಿ ಪಕ್ಕದ ಮೇಜಿಗೆ ಒಗೆದ ಬಟ್ಟೆ ಹಾಸಿ, ಹಸುಗೂಸಿನ ಮೈ ಸವರುವಂತೆ ಹಾಳೆ ತಿರುವುತ್ತಿದ್ದರು. ಬೇರೆ ಯಾರಾದರೂ ಕೈ ಚಾಚಿದರೆ, "ಕೈ ತೊಳ್ಕೊಂಡ್ ಬಂದ್ರಾ?" ಎನ್ನುತ್ತಿದ್ದರು. ತೊಳೆದು ಬಂದವರಿಗೆ, "ಒರೆಸ್ಕೊಂಡ್ರಾ?" ಎನ್ನುತ್ತಿದ್ದರು. ಕೈ ಒಣಗುವಷ್ಟರಲ್ಲಿ ಅವರ ಆಸೆಯೂ ಒಣಗಿರುತ್ತಿತ್ತು.

"ಏನಮ್ಮಾ ಇದು ಪೆಟ್ಟಿಗೆ?"

ಲೈಬ್ರೇರಿಯನ್ನಮ್ಮ ಕನ್ನಡಕದ ಮೇಲಿಂದ ನೋಡಿದರು. "ನಿಮ್ಮ ಐದು ಪುಸ್ತಕಕ್ಕೆ ಸಾರ್. ಗೋಡೌನಿಗೆ ಹೋಗ್ತಾವೆ. ಶಿಫಾರಸಿನ ಮೇಲೆ ತರಿಸಿದ ಪುಸ್ತಕ ತೊಂಬತ್ತು ದಿನದೊಳಗೆ ಒಂದ್ಸಲನಾದ್ರೂ ಯಾರ ಮನೆಗಾದ್ರೂ ಹೋಗಿರ್ಬೇಕು. ಇವತ್ತಿಗೆ ತೊಂಬತ್ತು. ಐದು ಗಂಟೆಗೆ ಮೇಲಧಿಕಾರಿ ಮೇಡಂ ಬರ್ತಾರೆ. ಆ ಜಾಗಕ್ಕೆ ಪರೀಕ್ಷೆ ಗೈಡುಗಳು."

"ನಾನು ದಿನಾ ಓದ್ತೀನಲ್ಲ! ನೀವೇ ನೋಡ್ತೀರಲ್ಲ!"

"ನಾನು ನೋಡ್ತೀನಿ. ಇದು ನೋಡಿಲ್ವಲ್ಲ?" ಎಂದು ಆಕೆ ಒಂದು ಪುಸ್ತಕದ ಹಿಂದಿನ ರಟ್ಟು ತೆರೆದು, ತಾರೀಖಿನ ಮುದ್ರೆ ಒತ್ತುವ ಚೀಟಿ ತೋರಿಸಿದರು. ಅದು ಆಗತಾನೇ ಸುಣ್ಣ ಬಳಿದ ಗೋಡೆಯಂತಿತ್ತು.

ಮೇಷ್ಟ್ರ ಕಿವಿ ಕೆಂಪಾದವು. "ಅಂದ್ರೆ ಮನೆಗೆ ಒಯ್ದು ಅಲ್ಲಾಡೋ ಮೇಜಿನ ಕಾಲಿಗೆ ಒತ್ತು ಕೊಟ್ಟೋನು ಓದುಗ! ಇಲ್ಲೇ ಕೂತು ಅಕ್ಷರ ಬಿಡದೆ ಓದಿದೋನು ಯಾರೂ ಅಲ್ಲ!"

"ನನ್ನ ಮೇಲೆ ಯಾಕೆ ಹಾರ್ತೀರಿ? ಐದು ಜನ, ಐದು ಕಾರ್ಡು, ಐದು ಗಂಟೆಯೊಳಗೆ ಕರ್ಕೊಂಡ್ ಬನ್ನಿ. ಒಂದು ಕಾರ್ಡಿಗೆ ಒಂದೇ ಪುಸ್ತಕ, ಅದೂ ದಿನಕ್ಕೆ ಒಂದೇ ಸಲ. ಕಾರ್ಡಿನವರೇ ಬಂದು ಸಹಿ ಹಾಕ್ಬೇಕು."

ಹಗ್ಗ ಹರಿದುಕೊಂಡ ಹೋರಿಯಂತೆ ಮೇಷ್ಟ್ರು ಬೀದಿಗೆ ಬಿದ್ದರು.

ಹಿಂದಿನ ಬೀದಿಯಲ್ಲಿ ಅಣ್ಣನ ಮನೆ. ಅತ್ತಿಗೆಗೆ ಕಾರ್ಡಿತ್ತು; ಕಾರ್ಡಿನ ಮೇಲೆ ಒಂದು ಕಾದಂಬರಿಯೂ ಇತ್ತು. ಆಕೆ ಅದನ್ನೇ ಹಿಡಿದು ಜಗಲಿಯ ಮೇಲೆ ಕೂತಿದ್ದರು.

"ಅತ್ತಿಗೆ, ಏಳಿ ಬೇಗ. ಅದನ್ನ ಹಿಂದಿರುಗಿಸಿ, ನನ್ನದೊಂದು ತಗೋಬೇಕು."

"ತಾಳಪ್ಪ, ಇನ್ನು ಹದಿನೆಂಟು ಪುಟ. ಅವಳು ವಿಷದ ಲೋಟ ಕೈಯಲ್ಲಿ ಹಿಡ್ಕೊಂಡಿದಾಳೆ. ಕುಡೀತಾಳೋ ಬಿಡ್ತಾಳೋ ಗೊತ್ತಾಗ್ದೆ ನಾನು ಏಳಲ್ಲ."

ಮೇಷ್ಟ್ರು ಜಗಲಿಯ ಈ ತುದಿಯಿಂದ ಆ ತುದಿಗೆ ನಡೆದರು. "ಕುಡಿದ್ಲಾ?"

"ಇನ್ನೂ ಯೋಚನೆ ಮಾಡ್ತಿದಾಳೆ."

"ಬೇಗ ಕುಡಿಯೋಕೆ ಹೇಳಿ ಅತ್ತಿಗೆ!"

"ಥೂ, ಏನು ಮಾತು ಅಂತ ಆಡ್ತೀಯ!"

ಕೊನೆಗೂ ಕಾದಂಬರಿಯವಳು ಕುಡಿಯಲಿಲ್ಲ. ಅತ್ತಿಗೆ ಕಣ್ಣೊರೆಸಿಕೊಂಡು, ಮುಖ ತೊಳೆದು, ಬೇರೆ ಚಪ್ಪಲಿ ಹುಡುಕಿ ಗ್ರಂಥಾಲಯಕ್ಕೆ ಬಂದು ಸಹಿ ಹಾಕುವಾಗ ಒಂದೂ ಮುಕ್ಕಾಲು. ಹೋಗುವಾಗ, "ಇದ್ರಲ್ಲಿ ಬರೀ ಚಿತ್ರ. ಕೊನೆಗೆ ಏನಾಗುತ್ತೆ ಅಂತ ಹೇಗೆ ಗೊತ್ತಾಗೋದು?" ಎಂದು ಕೇಳಿದರು. ಮೇಷ್ಟ್ರು ಆಗಲೇ ದರ್ಜಿಯ ಅಂಗಡಿಯ ಕಡೆ ತಿರುಗಿದ್ದರು.

ದರ್ಜಿಗೆ ಕಾರ್ಡಿತ್ತು, ಬಿಡುವಿರಲಿಲ್ಲ. ಅವನನ್ನು ಹೊರಡಿಸಲು ಮೇಷ್ಟ್ರು ಮುಕ್ಕಾಲು ಗಂಟೆ ಕೂತು ನಾಲ್ಕು ಅಂಗಿಗೆ ಗುಂಡಿ ಹಾಕಬೇಕಾಯಿತು. ಬಣ್ಣದ ಚೌಕಗಳನ್ನಷ್ಟೇ ಬರೆದು ಜಗತ್ತನ್ನೇ ಬೆರಗುಗೊಳಿಸಿದವರ ಪುಸ್ತಕ ಅವನ ಪಾಲಿಗೆ ಬಂತು. ದರ್ಜಿ ನಿಂತಲ್ಲೇ ನಾಲ್ಕು ಹಾಳೆ ತಿರುವಿ, "ಚೂರು ಬಟ್ಟೆ ಚೆನ್ನಾಗಿ ಜೋಡ್ಸಿದಾನೆ ಸಾರ್. ಹೊಲಿಯೋದೊಂದು ಬಿಟ್ಟಿದಾನೆ," ಎಂದ.

ತಗಡಿನ ಕೆಲಸದವನಿಗೆ ಕೊಟ್ಟದ್ದು ಗುಜರಿ ಕಬ್ಬಿಣದಿಂದ ಮಾಡಿದ ಶಿಲ್ಪಗಳ ಪುಸ್ತಕ. ಅವನು ಒಂದು ಶಿಲ್ಪವನ್ನು ಬಹಳ ಹೊತ್ತು ನೋಡಿ, ತೀರಾ ಮರುಕದಿಂದ, "ಇದು ಯಾರದು ಸಾರ್? ತಂದ್ಕೊಟ್ರೆ ಸರಿ ಮಾಡಿ ಕೊಡ್ತೀನಿ," ಎಂದ. ಮೇಷ್ಟ್ರು ಅವನ ಕೈಗೆ ಪೆನ್ನು ತುರುಕಿದರು. ಮೂವರು ಆಗಿದ್ದರು, ಇಬ್ಬರು ಬಾಕಿ. 

ನಾಲ್ಕನೆಯದಕ್ಕೆ ಹೆಡ್ಮಾಸ್ಟರು. ಮನೆಗೆ ಹೋದರೆ ಶಾಲೆಯಲ್ಲಿದ್ದಾರೆಂದರು, ಶಾಲೆಗೆ ಹೋದರೆ ಮನೆಯಲ್ಲಿದ್ದಾರೆಂದರು. ಸಿಕ್ಕಿದ್ದು ನಾಲ್ಕೂಕಾಲಿಗೆ, ಕ್ಷೌರದಂಗಡಿಯ ಕುರ್ಚಿಯಲ್ಲಿ, ಅರ್ಧ ತಲೆ ಕತ್ತರಿಸಿ ಅರ್ಧ ಉಳಿದಿದ್ದಾಗ.

"ಒಂದು ಸಹಿಗೋಸ್ಕರ ಹೀಗೆ ಬರ್ಲೇನ್ರೀ? ಒಂದು ಕಡೆ ಕೊಯ್ದ ಹೊಲದ ಹಾಗಿದೆ ನನ್ನ ತಲೆ!"

ಮೇಷ್ಟ್ರು ಕ್ಷೌರದವನ ಕಡೆ ತಿರುಗಿದರು. "ಅಣ್ಣಾ, ಸ್ವಲ್ಪ ಕೈ ಬೀಸು."

ಕ್ಷೌರದವನು ಕತ್ತರಿಯನ್ನು ಕೆಳಗೇ ಇಟ್ಟ. "ಮಧ್ಯಾಹ್ನದಿಂದ ನೋಡ್ತಿದೀನಿ ಸಾರ್. ದರ್ಜಿನ ಕರೆದ್ರಿ, ತಗಡಿನೋನ್ನ ಕರೆದ್ರಿ, ನಮ್ಮಂಗಡಿ ಮುಂದೇನೇ ನಾಲ್ಕು ಸಲ ಓಡಾಡಿದ್ರಿ. ಎಲ್ರಿಗೂ ಪುಸ್ತಕ. ನನಗೆ ಕಾರ್ಡಿಲ್ಲ ಅಂದ್ರೆ ನನಗೆ ಕಣ್ಣೂ ಇಲ್ವಾ?"

ಅವನ ಮಾತಿನಲ್ಲಿ ನ್ಯಾಯವಿತ್ತು, ಗೋಡೆಯ ಗಡಿಯಾರದಲ್ಲಿ ನಾಲ್ಕೂ ಇಪ್ಪತ್ತೈದಾಗಿತ್ತು. ಐದನೆಯ ಪುಸ್ತಕವನ್ನು ಮೇಷ್ಟ್ರು ತಮ್ಮ ಕಾರ್ಡಿಗೆ ಇಟ್ಟುಕೊಂಡಿದ್ದರು. ಅವರಿಗೆ ಅತಿ ಪ್ರಿಯವಾದದ್ದು: ಮನುಷ್ಯನ ಮುಖವನ್ನು ಒಡೆದು ಬೇರೆ ಥರ ಕೂಡಿಸಿ ಬರೆದವರ ಪುಸ್ತಕ. "ನನ್ನ ಹೆಸರಲ್ಲಿ ತಂದು ನಿನಗೇ ಕೊಡ್ತೀನಿ ಮಾರಾಯ. ಹದಿನೈದು ದಿನ ಇಟ್ಕೋ. ಮೊದಲು ಇವರ ತಲೆ ಮುಗಿಸು!" ಎಂದರು.

ಕತ್ತರಿ ಮಿಡತೆಯಂತೆ ಹಾರಾಡಿತು. ಐದಕ್ಕೆ ಹತ್ತು ನಿಮಿಷವಿರುವಾಗ ಹೆಡ್ಮಾಸ್ಟರು ಕುತ್ತಿಗೆಯ ಕೂದಲು ಕೊಡವುತ್ತ ಸಹಿ ಹಾಕಿದರು. ಅವರ ಹಿಂದೆ ಮೇಷ್ಟ್ರು ಹಾಕಿದರು. ಮುಖಗಳ ಪುಸ್ತಕವನ್ನು ಕ್ಷೌರದಂಗಡಿಗೆ ಮುಟ್ಟಿಸಿ ಓಡುತ್ತ ಹಿಂದಿರುಗುವಾಗ ಮೇಲಧಿಕಾರಿಯ ಜೀಪು ಬಾಗಿಲಲ್ಲಿತ್ತು.

ಮೇಡಂ ದಾಖಲೆ ಪುಸ್ತಕದ ಮೇಲೆ ಬೆರಳಾಡಿಸಿದರು. "ಒಂದೇ ದಿನ ಐದೂ? ಗೈಡುಗಳಿಗೂ ಹೀಗೆ ನುಗ್ಗಿದ್ದು ನಾನು ನೋಡಿಲ್ಲ. ಪೆಟ್ಟಿಗೆ ತೆಗೀರಿ. ಹಲಗೆ ಇರ್ಲಿ."

ಮೇಷ್ಟ್ರ ಕಣ್ಣು ತುಂಬಿ ಬಂತು. ಮೇಡಂ ಇನ್ನೂ ಬರೆಯುತ್ತಿದ್ದರು.

"ಇಷ್ಟು ಬೇಡಿಕೆ ಇರೋ ಪುಸ್ತಕಾನ ಒಬ್ಬರೇ ಇಲ್ಲಿ ಮೇಜಿನ ಮೇಲೆ ಹಾಕ್ಕೊಂಡು ಕೂರೋ ಹಾಗಿಲ್ಲ. ಇವತ್ತಿಂದ ಇವು ಸರದಿ ಪುಸ್ತಕ. ಒಬ್ಬರಿಂದ ಬಂದ ತಕ್ಷಣ ಇನ್ನೊಬ್ಬರ ಮನೆಗೆ. ಹೆಸರು ಬರೆಸ್ಕೊಳ್ಳಿ."

ಅದುವರೆಗೆ ಪತ್ರಿಕೆ ಮುಖಕ್ಕೆ ಮುಚ್ಚಿಕೊಂಡು ತೂಕಡಿಸುತ್ತಿದ್ದ ಜನ ತಲೆಯೆತ್ತಿದರು. ಯಾವ ಪುಸ್ತಕ ಎಂದು ಯಾರೂ ಕೇಳಲಿಲ್ಲ. ಸರದಿ ಎಂಬ ಮಾತು ಸಾಕಾಯಿತು. ಕಾಳು ಎರಚಿದ ಅಂಗಳಕ್ಕೆ ಕೋಳಿಗಳು ಬಂದಂತೆ ಬಂದರು. ಮೇಷ್ಟ್ರು ನುಸುಳಿಕೊಂಡು ಮೇಜು ಮುಟ್ಟುವಷ್ಟರಲ್ಲಿ ಇಪ್ಪತ್ತಮೂರು ಹೆಸರು ಆಗಿದ್ದವು.

"ನನ್ನದೂ ಬರ್ಕೊಳ್ಳಿ ಅಮ್ಮ. ಇಪ್ಪತ್ತನಾಲ್ಕನೆಯದಾದ್ರೂ ಸರಿ."

"ನಿಮ್ಮ ಕಾರ್ಡಲ್ಲಿ ಮುಖಗಳ ಪುಸ್ತಕ ಬಾಕಿ ಇದೆಯಲ್ಲ ಸಾರ್. ಬಾಕಿ ಇರೋರಿಗೆ ಸರದಿ ಇಲ್ಲ."

"ತರಿಸಿದೋನು ನಾನು! ಮೂರು ವರ್ಷ ಅರ್ಜಿ ಬರೆದೋನು ನಾನು! ಮಧ್ಯಾಹ್ನದಿಂದ ಬೀದಿ ನಾಯಿ ಹಾಗೆ ಅಲೆದೋನು ನಾನು!"

"ಅದೆಲ್ಲ ಚೀಟಿ ಮೇಲೆ ಇಲ್ವಲ್ಲ ಸಾರ್," ಎಂದರು ಲೈಬ್ರೇರಿಯನ್ನಮ್ಮ, ನಿಜವಾದ ಬೇಸರದಿಂದಲೇ.

ಮೇಷ್ಟ್ರು ದಡದಡನೆ ಕ್ಷೌರದಂಗಡಿಗೆ ನಡೆದರು. ಬೆಂಚಿನ ಮೇಲೆ ನಾಲ್ವರು ಗಿರಾಕಿಗಳು ಭುಜಕ್ಕೆ ಭುಜ ತಾಗಿಸಿ ಕೂತಿದ್ದರು. ಪುಸ್ತಕ ನಡುವೆ ಕೂತಿದ್ದ ಹಾಲಿನವನ ತೊಡೆಯ ಮೇಲಿತ್ತು.

"ಪುಸ್ತಕ ವಾಪಸ್ ಬೇಕು."

"ಹದಿನೈದು ದಿನ ಅಂದಿದ್ರಿ, ಹದಿನೈದು ನಿಮಿಷ ಆಗ್ಲಿಲ್ಲ!" ಎಂದ ಕ್ಷೌರದವನು. "ಶನಿವಾರ ಸಂಜೆ ಕಾದು ಕಾದು ಜಗಳ ಆಡೋ ಜನ, ನೋಡಿ ಹೇಗೆ ಕೂತಿದಾರೆ. ಅವರದ್ದು ಮುಗೀಲಿ, ಅಲ್ಲೀವರೆಗೆ ನೀವೂ ಕೂತ್ಕೊಳ್ಳಿ. ಅವರು ನೋಡಿ ಮುಗಿಸೋ ತನಕ ಎದ್ದು ಬರಲ್ಲ, ಕುರ್ಚಿ ಖಾಲಿ ಇದೆ. ಗಡ್ಡ ಮೂರು ದಿನದ್ದಿರ್ಬೇಕು."

ಕೂರಲು ಬೇರೆ ಜಾಗವಿರಲಿಲ್ಲ, ಕಾಲು ಸೋತಿದ್ದವು. ಕೂತರು. ಬಿಳಿ ಬಟ್ಟೆ ಕೊರಳಿಗೆ ಬಿತ್ತು, ಕೈಯೆರಡೂ ಒಳಗೆ ಸೇರಿದವು, ನೊರೆ ಗಲ್ಲ ದಾಟಿ ತುಟಿಯವರೆಗೆ ಬಂತು. ಕನ್ನಡಿಯಲ್ಲಿ ಬೆಂಚು ಕಾಣುತ್ತಿತ್ತು. ನಾಲ್ಕು ತಲೆಗಳು ಒಂದು ಹಾಳೆಯ ಮೇಲೆ ಬಗ್ಗಿದ್ದವು.

"ಅಲ್ಲಾ, ಕಣ್ಣು ಎರಡೂ ಒಂದೇ ಕಡೆ ಇದಾವಲ್ಲ?" ಎಂದ ಹಾಲಿನವನು. "ಮೂಗು ಕಿವಿ ಹತ್ರ ಹೋಗಿದೆ. ಬರೆಯೋಕೆ ಬಾರದೋನಲ್ಲ ಇವನು, ಆ ಕೈ ನೋಡು ಎಷ್ಟು ಚೆಂದ ಬರೆದಿದಾನೆ. ಬೇಕು ಅಂತಾನೇ ಮಾಡಿದಾನೆ. ಯಾಕಿರ್ಬಹುದು?"

"ಮೇಷ್ಟ್ರನ್ನೇ ಕೇಳೋಣ," ಎಂದ ಇನ್ನೊಬ್ಬ. ನಾಲ್ವರೂ ಕನ್ನಡಿಯೊಳಗಿನ ಮೇಷ್ಟ್ರನ್ನು ನೋಡಿದರು. "ಯಾಕೆ ಸಾರ್ ಹೀಗೆ?"

ಇಪ್ಪತ್ತೆರಡು ವರ್ಷದ ನೌಕರಿಯಲ್ಲಿ ಯಾರೂ, ಒಬ್ಬರೂ, ಅವರನ್ನು ಆ ಪ್ರಶ್ನೆ ಕೇಳಿರಲಿಲ್ಲ. ಉತ್ತರ ಎದೆಯಲ್ಲಿ ಒಡ್ಡು ಕಟ್ಟಿದ ನೀರಿನಂತೆ ತುಂಬಿ ನಿಂತಿತ್ತು. ಅವರು ಬಾಯಿ ತೆರೆಯಹೋದರು.

"ಹಾಂ! ಬಾಯಿ ಬಿಡಬೇಡಿ, ಕತ್ತಿ ತುಟಿ ಮೇಲಿದೆ," ಎಂದು ಕ್ಷೌರದವನು ಅವರ ಗಲ್ಲವನ್ನು ಒತ್ತಿ ಹಿಡಿದ. ಆಮೇಲೆ ಬೆಂಚಿನ ಕಡೆಗೆ ತಿರುಗಿ, ಬಲ್ಲವನ ಧಾಟಿಯಲ್ಲಿ, "ಅದಾ? ಕ್ಷೌರ ಮಾಡೋವಾಗ ಅಲುಗಾಡಿದ್ರೆ ಹಾಗೇ ಆಗೋದು," ಎಂದ.

ಬೆಂಚಿನ ನಾಲ್ಕು ತಲೆಗಳೂ ಮತ್ತೆ ಹಾಳೆಯ ಮೇಲೆ ಬಗ್ಗಿದವು.

"ಹೌದಲ್ಲ!" ಎಂದ ಹಾಲಿನವನು, ಮತ್ತು ಹಾಳೆ ತಿರುವಿದ.